ನಿಂತ ಟಿಪ್ಪರ್‌ಗೂ ತೆರಿಗೆ ಬಾಕಿ: ಕೋರ್ಟ್ ಕಂತು ಮಾಡಿಕೊಡುತ್ತದಾ?

ಪ್ರಶ್ನೆ: ನಮ್ಮದು ಸಂಡೂರು. ಅದಿರು ಸಾಗಿಸುವ ಹತ್ತು ಚಕ್ರದ ಟಿಪ್ಪರ್ ಇದೆ. ಲೋಡ್ ಸಿಗದೆ ಒಂದೂವರೆ ವರ್ಷ ಮನೆ ಹಿಂದೆಯೇ ನಿಂತಿತ್ತು. ಈಗ ಆರು ಕ್ವಾರ್ಟರ್ ತೆರಿಗೆ, ಮೇಲೆ ದಂಡ ಕಟ್ಟಿ ಎಂದು ಆರ್‌ಟಿಒ ನೋಟಿಸ್ ಬಂದಿದೆ. ಓಡದ ಗಾಡಿಗೆ ತೆರಿಗೆ ಯಾಕೆ? ಕೋರ್ಟಿಗೆ ಹೋದರೆ ಕಂತು ಮಾಡಿಕೊಡುತ್ತಾರಾ?

ಉತ್ತರ: ಮೊದಲ ಪ್ರಶ್ನೆಯನ್ನು ಬಿಡಬೇಡಿ. ದುಡ್ಡು ಉಳಿಯುವ ದಾರಿ ಇದ್ದರೆ ಅಲ್ಲೇ ಇದೆ.

1957ರ ಕರ್ನಾಟಕ ಮೋಟಾರು ವಾಹನ ತೆರಿಗೆ ಕಾಯ್ದೆಯ 3ನೇ ಕಲಂ ಪ್ರಕಾರ, ನೋಂದಣಿ ಚಾಲ್ತಿಯಲ್ಲಿರುವ ಗಾಡಿ ರಸ್ತೆಗೆ ಯೋಗ್ಯ ಎಂದೇ ಲೆಕ್ಕ. ಟಯರ್ ಸುತ್ತ ಹುಲ್ಲು ಬೆಳೆದಿದ್ದರೂ ಅಷ್ಟೇ. ಗಾಡಿ ಇಂಥ ಕಡೆ ನಿಲ್ಲಿಸುತ್ತೇನೆ ಅಂತ ಮೊದಲೇ ಆರ್‌ಟಿಒಗೆ ಬರೆದುಕೊಟ್ಟು ಸ್ವೀಕೃತಿ ಪಡೆದಿದ್ದರೆ ಮಾತು ಬೇರೆ. ‘ನಾನ್ ಯೂಸ್’ ಅರ್ಜಿ ಅಂತಾರಲ್ಲ, ಅದೇ. 2011ರಲ್ಲಿ ಸುಪ್ರೀಂ ಕೋರ್ಟ್ ಬಳ್ಳಾರಿಯ ಗಣಿಗಾರಿಕೆ ನಿಲ್ಲಿಸಿದಾಗ ಸಾಲುಸಾಲು ನಿಂತ ಲಾರಿಗಳು ನಿಮಗೂ ನೆನಪಿರಬೇಕು. ಗಾಡಿ ಯಾಕೆ ನಿಂತಿತು ಅಂತ ಊರಿಗೆಲ್ಲ ಗೊತ್ತಿದ್ದರೂ ಆರ್‌ಟಿಒ ಕಡತಕ್ಕೆ ಗೊತ್ತಾಗುವುದು ನಿಮ್ಮ ಅರ್ಜಿಯಿಂದ ಮಾತ್ರ. ಆ ಸ್ವೀಕೃತಿ ಚೀಟಿ ಇದ್ದರೆ ಹುಡುಕಿ. ಹಳೆಯ ತೆರಿಗೆ ರಸೀದಿಗಳನ್ನೂ ತೆಗೆದು ನೋಟಿಸ್ ಪಕ್ಕ ಇಟ್ಟು, ಒಂದೊಂದು ಕ್ವಾರ್ಟರ್ ತಾಳೆ ನೋಡಿ. ಕಟ್ಟಿದ್ದೂ ಬಾಕಿ ಅಂತ ಬಂದಿರಬಹುದು.

ಇನ್ನು ಕಂತಿನ ಮಾತು. ಇದಕ್ಕೆ ಬಳ್ಳಾರಿ ಕೋರ್ಟಲ್ಲ, ಹೈಕೋರ್ಟಿನ ಧಾರವಾಡ ಪೀಠಕ್ಕೆ ಸಂವಿಧಾನದ 226ನೇ ವಿಧಿಯಡಿ ರಿಟ್ ಅರ್ಜಿ (ಸರ್ಕಾರಿ ಕಚೇರಿಯ ಕ್ರಮದ ವಿರುದ್ಧ ನೇರ ಹೈಕೋರ್ಟಿಗೆ ಕೊಡುವ ಅರ್ಜಿ) ಹಾಕಬೇಕು. ಕೊಪ್ಪಳದವರಿಗೂ ಅದೇ ಪೀಠ, ರಾಯಚೂರಿನವರಿಗೆ ಕಲಬುರಗಿ. ಕಂತು ನಿಮ್ಮ ಹಕ್ಕಲ್ಲ, ನ್ಯಾಯಾಧೀಶರ ವಿವೇಚನೆ. ಹಾಗಾಗಿ ಸುಮ್ನೆ ‘ಕಷ್ಟ ಇದೆ’ ಅಂದರೆ ಸಾಲದು. ಈಗ ಇಷ್ಟು ಕಟ್ಟುತ್ತೇನೆ, ಉಳಿದದ್ದು ಇಷ್ಟು ತಿಂಗಳಲ್ಲಿ ಅಂತ ಅಫಿಡವಿಟ್‌ನಲ್ಲೇ (ಪ್ರಮಾಣ ಮಾಡಿ ಬರೆದುಕೊಡುವ ಹೇಳಿಕೆ) ಹೇಳಿ. ಗಾಡಿ ತಿಂಗಳಿಗೆ ಎಷ್ಟು ಟ್ರಿಪ್ ಹೊಡೆಯುತ್ತದೆ, ಡೀಸೆಲ್, ಡ್ರೈವರ್ ಭತ್ಯೆ, ಬ್ಯಾಂಕ್ ಕಂತು ಹೋಗಿ ಕೈಗೆ ಏನು ಉಳಿಯುತ್ತದೆ, ಅದನ್ನು ನೋಡಿ ಮೊತ್ತ ಬರೆಯಿರಿ. ಕೋರ್ಟನ್ನು ಮೆಚ್ಚಿಸಲು ಜಾಸ್ತಿ ಒಪ್ಪಿಕೊಂಡು ಆಮೇಲೆ ತಪ್ಪಿಸಿದರೆ ಆದೇಶದ ರಕ್ಷಣೆಯೇ ಹೋಗಬಹುದು. ಆಗ ಗಾಡಿ ಜಪ್ತಿ ಆಗಬಹುದು, ಬಾಕಿಯನ್ನು ಭೂಕಂದಾಯದ ಬಾಕಿಯಂತೆ ವಸೂಲು ಮಾಡಬಹುದು. ಹೊಲ ಇದ್ದವರಿಗೆ ಇದರ ಬಿಸಿ ಗೊತ್ತು.

ಒಂದು ಮಾತನ್ನು ಜನ ಮರೆಯುತ್ತಾರೆ: ಕಂತು ಹಳೆಯ ಬಾಕಿಗೆ ಮಾತ್ರ. ಮುಂದಿನ ಕ್ವಾರ್ಟರ್ ತೆರಿಗೆ ಆಯಾ ಕಾಲಕ್ಕೆ ಬೇರೆಯಾಗಿ ಕಟ್ಟಲೇಬೇಕು. ಅದನ್ನೂ ಸೇರಿಸಿ ಲೆಕ್ಕ ಹಾಕಿ.

ಆದೇಶ ಬಂದ ಮೇಲೆ ದೃಢೀಕೃತ ಪ್ರತಿಯನ್ನು ಆರ್‌ಟಿಒಗೆ ಕೊಟ್ಟು ಸ್ವೀಕೃತಿ ಪಡೆಯಿರಿ. ಒಂದು ಪ್ರತಿ, ಜೊತೆಗೆ ಕಟ್ಟಿದ ಕಂತಿನ ರಸೀದಿಗಳು ಟಿಪ್ಪರ್ ಕ್ಯಾಬಿನ್‌ನಲ್ಲೇ ಇರಲಿ. ಅಲ್ಲಿಯವರೆಗೆ ಗಾಡಿಯನ್ನು ರಸ್ತೆಗೆ ಇಳಿಸಬೇಡಿ. ನೋಟಿಸ್ ಕೈಗೆ ಬಂದ ತಾರೀಖನ್ನು ಅದರ ಮೇಲೆಯೇ ಬರೆದಿಟ್ಟು ಈ ವಾರವೇ ವಕೀಲರನ್ನು ಕಾಣಿ, ಈ ತೆರಿಗೆ ಬೇಡಿಕೆಯ ವಿರುದ್ಧ ಮೇಲ್ಮನವಿ ಹಾಕುವುದಕ್ಕೂ ಗಡುವು ಇರುತ್ತದೆ.