ಫಿಟ್ಸ್ ಕಡಿಮೆಯಾದರೂ ಅಂಕ ಯಾಕೆ ಏರಲಿಲ್ಲ?

ತಂಗಿಗೆ ಫಿಟ್ಸ್ ತಿಂಗಳಿಗೆ ನಾಲ್ಕರಿಂದ ಒಂದಕ್ಕೆ ಇಳಿದರೂ ಕ್ಯೂಒಎಲ್‌ಐಇ-31 (ಫಿಟ್ಸ್ ಇರುವವರ ಬದುಕು ಎಷ್ಟು ಚೆನ್ನಾಗಿದೆ ಅಂತ ಅಳೆಯುವ ಪ್ರಶ್ನಾವಳಿ) ಅಂಕ ಏರಿಲ್ಲ, ಅಳತೆಯೇ ತಪ್ಪಾ ಅಂತ ಕೇಳಿದ್ದೀರಿ. ತಪ್ಪಿಲ್ಲ. ಆ 31 ಪ್ರಶ್ನೆಗಳು ಫಿಟ್ಸ್ ಎಣಿಸುವುದಿಲ್ಲ. ಮತ್ತೆ ಬಂದೀತೆಂಬ ಭಯ, ಸುಸ್ತು, ಮರೆವು, ಮಾತ್ರೆಯ ಅಡ್ಡಪರಿಣಾಮ ಇಂಥವನ್ನು ಕೇಳುತ್ತವೆ. ಅಂಕ 100ರ ಹತ್ತಿರ ಹೋದಷ್ಟೂ ಒಳ್ಳೆಯದು.

ಫಿಟ್ಸ್ ಎಷ್ಟು ಜೋರು ಅಂತ ತಿಳಿಯಲು ಲಿವರ್‌ಪೂಲ್ ಸ್ಕೇಲ್ ಬೇರೆ ಇದೆ. ಬಿದ್ದರಾ, ನಾಲಿಗೆ ಕಚ್ಚಿಕೊಂಡರಾ, ಸರಿಹೋಗಲು ಎಷ್ಟು ಹೊತ್ತಾಯಿತು ಅಂತ ಕೇಳುತ್ತದೆ. ಅಲ್ಲಿ ಮಾತ್ರ ಅಂಕ ಜಾಸ್ತಿಯಾದರೆ ತೊಂದರೆ ಜಾಸ್ತಿ.

ನನ್ನ ತಮ್ಮ ಫಿಟ್ಸ್ ನಿಂತು ಆರು ತಿಂಗಳಾದರೂ ಬಚ್ಚಲುಮನೆ ಚಿಲಕ ಹಾಕುತ್ತಿರಲಿಲ್ಲ. ಅಂಥ ಭಯವೂ ಕ್ಯೂಒಎಲ್‌ಐಇ-31 ಅಂಕ ಇಳಿಸುತ್ತದೆ ಅಲ್ವಾ? ಸುಮ್ನೆ ಒಟ್ಟು ಅಂಕ ನೋಡಬೇಡಿ, ಯಾವ ಭಾಗದಲ್ಲಿ ಕಡಿಮೆ ಬಂದಿದೆ ಅಂತ ಡಾಕ್ಟರನ್ನು ಕೇಳಿ. ಸುಸ್ತಿನ ಭಾಗವಾದರೆ ಮಾತ್ರೆ ಬಗ್ಗೆಯೂ ಕೇಳಿ. ನೀವಾಗಿಯೇ ಡೋಸ್ ಮಾತ್ರ ಬದಲಿಸಬೇಡಿ.