ವಕೀಲ ಅಜ್ಜಯ್ಯನ ಟ್ರಂಕಿನಲ್ಲಿ ಬಿಳಿ ಏಪ್ರನ್

ಓದುಗರ ಪ್ರಶ್ನೆ, ಬಲ್ಲವರ ಉತ್ತರ

ಪ್ರಶ್ನೆ: ನಮ್ಮ ಅಜ್ಜಯ್ಯ ಶಿವಮೊಗ್ಗದಲ್ಲಿ ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ವಕೀಲರಾಗಿದ್ದರು. ಊರಮನೆಯ ಅಟ್ಟದಲ್ಲಿದ್ದ ಅವರ ಟ್ರಂಕಿನಲ್ಲಿ ತಿಳಿನೀಲಿ ಅಂಚಿನ ಬಿಳಿ ಚರ್ಮದ ಏಪ್ರನ್ ಸಿಕ್ಕಿದೆ. ಅದರ ಮೇಲೆ ಬೆಳ್ಳಿಬಣ್ಣದ ತಲೆಕೆಳಗಾದ 'ಟಿ' ಆಕಾರಗಳು ಮೂರಿವೆ. ಜೊತೆಗೆ ಒಂದು ಪದಕ, '5958' ಎಂದು ಇಸವಿ ಹಾಕಿದ ಸರ್ಟಿಫಿಕೇಟು. ಡೈರಿಯಲ್ಲಿ ತಿಂಗಳಿಗೊಮ್ಮೆ 'ಲಾಡ್ಜ್, ಸಂಜೆ 6-30' ಎಂದಿದೆ. ಕೇಸಿಗೆ ಹೋದಾಗ ಉಳಿದುಕೊಳ್ಳುತ್ತಿದ್ದ ಹೋಟೆಲ್ ಎಂದೇ ಮನೆಯವರು ತಿಳಿದಿದ್ದರು. ಅವರ ಜೀವನ ಬರೆಯಬೇಕೆಂದಿದ್ದೇನೆ. ಎಲ್ಲಿಂದ ಶುರು ಮಾಡಲಿ? – ತೀರ್ಥಹಳ್ಳಿಯ ಓದುಗರು

ಉತ್ತರ: ಆ ಲಾಡ್ಜಿನಲ್ಲಿ ಹಾಸಿಗೆ ಇರುವುದಿಲ್ಲ. ಅದು ಫ್ರೀಮೇಸನ್ನರು (ಮೇಸನ್ನರು) ಎಂಬ ಹಳೆಯ ಸೋದರಸಂಘದವರ ಸ್ಥಳೀಯ ಘಟಕ. ನಮ್ಮ ಕಡೆ ಲಾಡ್ಜ್ ಎಂದರೆ ಬಸ್‌ಸ್ಟ್ಯಾಂಡಿನ ಎದುರಿನ ಕೋಣೆಯೇ ಆದ್ದರಿಂದ ಮನೆಯವರು ಹಾಗೆ ತಿಳಿದದ್ದು ಸಹಜ.

ಮೊದಲು ಇಸವಿ. ಮೇಸನ್ನರ ಕಾಗದಗಳಲ್ಲಿ ಕ್ರಿಸ್ತಶಕಕ್ಕೆ 4000 ಕೂಡಿಸಿ ಬರೆಯುವ ರೂಢಿಯಿದೆ. ಕಳೆದು ನೋಡಿ, 1958 ಬರುತ್ತದೆ. ಲಾಡ್ಜುಗಳ ಮೇಲಿನ ಸಂಸ್ಥೆಗೆ ಗ್ರ್ಯಾಂಡ್ ಲಾಡ್ಜ್ ಎನ್ನುತ್ತಾರೆ; ಭಾರತದ ಗ್ರ್ಯಾಂಡ್ ಲಾಡ್ಜ್ ಸ್ಥಾಪನೆಯಾದದ್ದು 1961ರ ನವೆಂಬರಿನಲ್ಲಿ. ಹಾಗಾಗಿ ನಿಮ್ಮ ಸರ್ಟಿಫಿಕೇಟು ಇಂಗ್ಲೆಂಡ್, ಸ್ಕಾಟ್ಲೆಂಡ್ ಅಥವಾ ಐರ್ಲೆಂಡಿನ ಗ್ರ್ಯಾಂಡ್ ಲಾಡ್ಜ್ ಕೊಟ್ಟದ್ದಾಗಿರಬೇಕು. ಅದರಲ್ಲಿರುವ ಲಾಡ್ಜಿನ ಹೆಸರು, ಸಂಖ್ಯೆ ಎರಡನ್ನೂ ಇದ್ದಂತೆಯೇ ಬರೆದುಕೊಳ್ಳಿ. 1961ರ ನಂತರ ಹಲವು ಲಾಡ್ಜುಗಳು ಭಾರತದ ಗ್ರ್ಯಾಂಡ್ ಲಾಡ್ಜಿಗೆ ಸೇರಿ ಹೊಸ ಸಂಖ್ಯೆ ಪಡೆದವು, ಕೆಲವು ಹಳೆಯ ಮನೆಯಲ್ಲೇ ಉಳಿದವು. ಹಳೆಯ ಸಂಖ್ಯೆ ಹಿಡಿದು ಹೊಸ ಪಟ್ಟಿಯಲ್ಲಿ ಹುಡುಕಿದರೆ ಬೇರೆ ಯಾವುದೋ ಊರಿನ ಲಾಡ್ಜ್ ಸಿಗುತ್ತದೆ.

ಇನ್ನು ಏಪ್ರನ್. ಮೇಸನ್ನರಲ್ಲಿ ಮೂರು ಹಂತ. ಇಂಗ್ಲಿಷ್ ಪದ್ಧತಿಯಲ್ಲಿ ಮೊದಲ ಹಂತದವರದು ಏನೂ ಅಲಂಕಾರವಿಲ್ಲದ ಬಿಳಿ ಕುರಿಮರಿ ಚರ್ಮ. ಎರಡನೆಯದಕ್ಕೆ ಕೆಳಗಡೆ ಎರಡು ನೀಲಿ ಬಟ್ಟೆಹೂ. ಮೂರನೆಯದಕ್ಕೆ ತಿಳಿನೀಲಿ ಅಂಚು, ಮೂರು ಹೂ, ಎರಡೂ ಪಕ್ಕ ಏಳೇಳು ಎಳೆಯ ಬೆಳ್ಳಿ ಕುಚ್ಚು. ಹೂವಿನ ಜಾಗದಲ್ಲಿ ತಲೆಕೆಳಗಾದ 'ಟಿ' ಬಂದಿದ್ದರೆ ಅದನ್ನು ಕಟ್ಟಿದವರು ಲಾಡ್ಜಿನ ಮಾಸ್ಟರ್ ಆಗಿದ್ದವರು, ಅಂದರೆ ಒಂದು ವರ್ಷವಾದರೂ ಅಧ್ಯಕ್ಷ ಪೀಠದಲ್ಲಿ ಕುಳಿತವರು. ಪದಕ ನೋಡಿ: ಮೂಲೆಮಟ್ಟದ ಕೆಳಗೆ ಪೈಥಾಗೊರಸ್ ಪ್ರಮೇಯದ ಮೂರು ಚೌಕಗಳ ಚಿತ್ರ ತೂಗುತ್ತಿದ್ದರೆ ಅದು ಮಾಜಿ ಮಾಸ್ಟರ್ ಪದಕ. ಹಿಂಬದಿಯಲ್ಲಿ ಹೆಸರು, ವರ್ಷ ಕೆತ್ತಿರುವುದುಂಟು. ಏಪ್ರನ್ನಿನ ಮೇಲಿನ ಮಡಿಕೆ ದುಂಡಗಿದ್ದರೆ ಮಾತ್ರ ಈ ಲೆಕ್ಕವನ್ನು ನೆಚ್ಚಬೇಡಿ. ಅದು ಸ್ಕಾಟಿಷ್ ಪದ್ಧತಿಯದು, ಅಲ್ಲಿ ಬಣ್ಣ ಒಂದೊಂದು ಲಾಡ್ಜಿಗೆ ಒಂದೊಂದು.

ಇಲ್ಲಿ ಎಲ್ಲರೂ ಎಡವುವುದು ಒಂದೇ ಕಡೆ. ಲಾಡ್ಜಿನ ಮಾಸ್ಟರ್ ಬೇರೆ, ಗ್ರ್ಯಾಂಡ್ ಮಾಸ್ಟರ್ ಬೇರೆ. ಮೊದಲನೆಯವರು ಒಂದು ಘಟಕದ ಅಧ್ಯಕ್ಷರು, ಎರಡನೆಯವರು ಇಡೀ ಸಂಸ್ಥೆಯ ಮುಖ್ಯಸ್ಥರು. ಮೇಲಿನ ಮಟ್ಟದ ಪದಾಧಿಕಾರಿಗಳ ಏಪ್ರನ್ನಿಗೆ ಕಡುನೀಲಿ ಅಂಚು, ಚಿನ್ನದ ಬಣ್ಣದ ಕೆಲಸ ಇರುತ್ತದೆ. ನಿಮ್ಮ ಅಜ್ಜಯ್ಯನಿಗೆ ತಿಳಿನೀಲಿ ಸಾಕು, ಮೊಮ್ಮಕ್ಕಳು ಬಡ್ತಿ ಕೊಡಬೇಕಿಲ್ಲ.

ಸೇರಿದ ದಿನ, ಹಂತಗಳ ದಿನಾಂಕ, ಹಿಡಿದ ಹುದ್ದೆ ಇವು ಯಾವುವೂ ಗುಟ್ಟಲ್ಲ. ಗುಟ್ಟಿರುವುದು ವಿಧಿಗಳಲ್ಲಿ, ಒಬ್ಬರನ್ನೊಬ್ಬರು ಗುರುತಿಸುವ ಸನ್ನೆಗಳಲ್ಲಿ. ಸರ್ಟಿಫಿಕೇಟಿನ ಫೋಟೊ ಸಮೇತ ಆ ಲಾಡ್ಜಿನ ಕಾರ್ಯದರ್ಶಿಗೆ ಬರೆಯಿರಿ. ಲಾಡ್ಜ್ ಮುಚ್ಚಿದ್ದರೆ ಚೆನ್ನೈನಲ್ಲಿರುವ ದಕ್ಷಿಣ ಭಾರತದ ಪ್ರಾದೇಶಿಕ ಗ್ರ್ಯಾಂಡ್ ಲಾಡ್ಜಿಗೆ ಬರೆಯಿರಿ. ಇಂಗ್ಲಿಷ್ ಸರ್ಟಿಫಿಕೇಟಾದರೆ ಲಂಡನ್ನಿನ ಫ್ರೀಮೇಸನ್ಸ್ ಹಾಲ್‌ನ ಮ್ಯೂಸಿಯಂ ಇದೆ. ಹುಟ್ಟಿದ ವರ್ಷ, ಊರು, ವೃತ್ತಿ ತಿಳಿಸದಿದ್ದರೆ ಅದೇ ಹೆಸರಿನ ಇನ್ನೊಬ್ಬರ ವಿವರ ಬಂದು ಕುಳಿತೀತು.

ಇಷ್ಟು ಪುಸ್ತಕದ ಒಂದು ಅಧ್ಯಾಯ. ಉಳಿದದ್ದೆಲ್ಲ ವಕೀಲಿಕೆ, ಅಲ್ಲೇ ನಿಮಗೆ ಹೆಚ್ಚು ಕೆಲಸ.

ಸನದು, ಅಂದರೆ ವಕೀಲಿಕೆ ನಡೆಸಲು ಕೊಟ್ಟ ಅನುಮತಿ ಪತ್ರ, ಹುಡುಕಿ. ವಕೀಲ, ಪ್ಲೀಡರ್ ಎಂಬ ಬೇರೆಬೇರೆ ದರ್ಜೆಗಳನ್ನು ತೆಗೆದು ಎಲ್ಲರನ್ನೂ 'ಅಡ್ವೊಕೇಟ್' ಮಾಡಿದ್ದು 1961ರ ವಕೀಲರ ಕಾಯ್ದೆ. ಅದಕ್ಕೂ ಹಿಂದಿನವರ ನೋಂದಣಿಗೆ ಮೈಸೂರು ಹೈಕೋರ್ಟಿನ ಪಟ್ಟಿ, ಆಮೇಲಿನದಕ್ಕೆ ರಾಜ್ಯ ವಕೀಲರ ಪರಿಷತ್ತು. 1973ರವರೆಗೆ ರಾಜ್ಯದ ಹೆಸರು ಮೈಸೂರು. ಜಿಲ್ಲೆಯ ಹೆಸರು ಇಂಗ್ಲಿಷಿನಲ್ಲಿ 2014ರವರೆಗೆ 'ಶಿಮೋಗ'. ಅವರು ಪಕ್ಕದ ಜಿಲ್ಲೆಯ ಕೇಸನ್ನೂ ನಡೆಸಿದ್ದರೆ, ಹಳೆಯ ಕಾಗದದಲ್ಲಿ ಚಿಕ್ಕಮಗಳೂರು ಜಿಲ್ಲೆ 'ಕಡೂರು ಜಿಲ್ಲೆ' ಎಂದಿರುತ್ತದೆ.

ಡೈರಿಯನ್ನು ಪುಟಪುಟ ಓದಿ ಕೇಸ್ ನಂಬರಿನ ಪಟ್ಟಿ ಮಾಡಿ. ಓ.ಎಸ್. ಎಂದರೆ ಮೂಲ ದಾವೆ, ಆರ್.ಎ. ಮೇಲ್ಮನವಿ, ಎಕ್ಸ್. ಅಮಲ್ಜಾರಿ, ಅಂದರೆ ಕೋರ್ಟಿನ ಆದೇಶ ಜಾರಿ ಮಾಡಿಸುವ ಅರ್ಜಿ. ನಂಬರು, ವರ್ಷ, ಕೋರ್ಟು ಮೂರೂ ಇದ್ದರೆ ಮಾತ್ರ ನಕಲು ಅರ್ಜಿ ಹಾಕಿ ಪ್ರಯೋಜನ. ಡೈರಿಯಲ್ಲಿ 'ಮುನ್ಸೀಫ್' ಎಂದಿದ್ದರೆ ಅದು ಇಂದಿನ ಕಿರಿಯ ಶ್ರೇಣಿ ಸಿವಿಲ್ ನ್ಯಾಯಾಲಯ. ನೀವು ಆ ಕೇಸಿನ ಕಕ್ಷಿದಾರರಲ್ಲದ್ದರಿಂದ ಏಕೆ ಬೇಕೆಂದು ಪ್ರಮಾಣಪತ್ರ ಕೊಡಬೇಕಾಗುತ್ತದೆ. ಅವಧಿ ಮುಗಿದ ಕಡತದ ಸಾಕ್ಷ್ಯ, ಅರ್ಜಿಗಳನ್ನು ನಾಶ ಮಾಡಿರುತ್ತಾರೆ. ತೀರ್ಪು, ಡಿಕ್ರಿ ಹೆಚ್ಚು ಕಾಲ ಉಳಿಯುತ್ತವೆ. ತೀರ್ಪಿನ ತಲೆಬರಹದಲ್ಲೇ ಯಾರ ಪರ ಯಾವ ವಕೀಲರು ಎಂದಿರುತ್ತದೆ. ಹೈಕೋರ್ಟಿನ ತೀರ್ಪಿನಲ್ಲಿ ಹುಡುಕಿ ನಿರಾಶರಾಗಬೇಡಿ, ಅಲ್ಲಿ ಸಾಮಾನ್ಯವಾಗಿ ಬೆಂಗಳೂರಿನ ವಕೀಲರ ಹೆಸರಿರುತ್ತದೆ.

ಮಲೆನಾಡಿನ ವಕೀಲರ ಬದುಕಿನಲ್ಲಿ ಗೇಣಿ ಬಿಟ್ಟರೆ ಕಥೆಯೇ ಇಲ್ಲ. 1951ರಲ್ಲಿ ಸಾಗರದ ಕಾಗೋಡಿನಲ್ಲಿ ಗೇಣಿದಾರರ ಸತ್ಯಾಗ್ರಹ, 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟಿನ ಮುಳುಗಡೆ, 1974ರಲ್ಲಿ ಭೂಸುಧಾರಣೆ ಕಾಯ್ದೆಯ ತಿದ್ದುಪಡಿ. ಆ ವರ್ಷದ ಮಾರ್ಚ್ 1ಕ್ಕೆ ಗೇಣಿ ಜಮೀನೆಲ್ಲ ಸರ್ಕಾರಕ್ಕೆ ಸೇರಿ, ಗೇಣಿದಾರರು ನಮೂನೆ 7ರಲ್ಲಿ ಭೂ ನ್ಯಾಯಮಂಡಳಿಗೆ ಅರ್ಜಿ ಹಾಕಿದರು. ಆ ಮಂಡಳಿಯ ಮುಂದೆ ವಕೀಲರು ಹಾಜರಾಗುವಂತಿರಲಿಲ್ಲ. ಆ ನಿರ್ಬಂಧವನ್ನು ಸುಪ್ರೀಂ ಕೋರ್ಟು ತೆಗೆದದ್ದು 1987ರಲ್ಲಿ. ಹೀಗಾಗಿ ಆ ಹದಿಮೂರು ವರ್ಷದ ಮಂಡಳಿ ಕಡತಗಳಲ್ಲಿ ಅಜ್ಜಯ್ಯನ ಹೆಸರು ಕಾಣದಿದ್ದರೆ ಅವರು ಸುಮ್ಮನಿದ್ದರು ಎಂದು ಬರೆಯಬೇಡಿ. ಅರ್ಜಿಯ ಒಕ್ಕಣೆ ಅವರದ್ದಿರಬಹುದು, ಕಕ್ಷಿದಾರನಿಗೆ ಹೇಳಿಕೊಟ್ಟ ಮಾತೂ ಅವರದ್ದಿರಬಹುದು. ಟ್ರಂಕಿನ ಕರಡುಗಳ ಕೈಬರಹವನ್ನು ತಾಲ್ಲೂಕು ಕಚೇರಿಯ ಅರ್ಜಿಯೊಡನೆ ಹೋಲಿಸಿ ನೋಡಿ. ಧಣಿಗಳ ಪರವೋ ಗೇಣಿದಾರರ ಪರವೋ ಎಂಬುದು ಅಲ್ಲಿಂದಲೇ ಹೊರಬೀಳುತ್ತದೆ. ಹೊರಬಿದ್ದರೆ ಮುಚ್ಚಿಡಬೇಡಿ.

ಟ್ರಂಕಿನಲ್ಲಿ ಯಾರದ್ದಾದರೂ ಮೂಲ ಕ್ರಯಪತ್ರ ಸಿಕ್ಕಿದರೆ ಆ ಮನೆಯವರಿಗೆ ಮುಟ್ಟಿಸಿ ರಶೀದಿ ಬರೆಸಿಕೊಳ್ಳಿ. ಕಕ್ಷಿದಾರ ವಕೀಲರಿಗೆ ಹೇಳಿದ ಗುಟ್ಟಿಗೆ ಸಾಕ್ಷ್ಯ ಕಾಯ್ದೆಯ ರಕ್ಷಣೆಯಿದೆ (ಹಳೆಯದರಲ್ಲಿ 126ನೇ ಕಲಂ, 2024ರ ಜುಲೈಯಿಂದ ಜಾರಿಯಲ್ಲಿರುವ ಹೊಸದರಲ್ಲಿ 132). ವಕೀಲಿಕೆ ನಿಂತ ಮೇಲೂ ಅದು ಮುಗಿಯುವುದಿಲ್ಲ. ತೆರೆದ ಕೋರ್ಟಿನ ತೀರ್ಪು ಬಳಸಿ, ಕಕ್ಷಿದಾರನ ಖಾಸಗಿ ಪತ್ರ ಅಚ್ಚು ಹಾಕಬೇಡಿ.

ಪ್ರಶ್ನೆ: ಇಂಥದ್ದೇ ಚರ್ಮದ ಏಪ್ರನ್ನಿಗೆ, ಕಾಗದಗಳಿಗೆ ಬೂಷ್ಟು ಹಿಡಿದಿದೆ. ಬಿಸಿಲಿಗೆ ಹಾಕಬಹುದೇ? – ಸಾಗರದ ಓದುಗರು

ಉತ್ತರ: ಬೇಡ. ಬಿಸಿಲಿಗಾಗಲಿ ಒಲೆಯ ಮೇಲಿನ ಅಟ್ಟಕ್ಕಾಗಲಿ ಹಾಕಿದರೆ ಚರ್ಮ ಸೆಟೆದು ಬಿರಿಯುತ್ತದೆ. ಮಳೆಗಾಲದಲ್ಲಿ ಬಿಚ್ಚಲೇಬೇಡಿ, ಜನವರಿಯಿಂದ ಮಾರ್ಚ್ ಒಳಗೆ ಒಣಹವೆಯಲ್ಲಿ ನೆರಳಿಗೆ ಹರಡಿ. ಮೂಗಿಗೆ ಬಟ್ಟೆ ಕಟ್ಟಿಕೊಂಡು, ಮನೆಯ ಹೊರಗೆ, ಮೆದುವಾದ ಒಣ ಬ್ರಷ್ಷಿನಿಂದ ಬೂಷ್ಟು ಉದುರಿಸಿ. ಕೊಬ್ಬರಿ ಎಣ್ಣೆ ಹಚ್ಚಿದರೆ ಕಲೆ ಉಳಿಯುತ್ತದೆ, ಧೂಳು ಕೂರುತ್ತದೆ. ಬೆಳ್ಳಿ ಕುಚ್ಚಿಗೆ ಹುಣಸೆಹಣ್ಣು ತಾಗಿಸಬೇಡಿ, ಹುಳಿನೀರು ಚರ್ಮಕ್ಕೆ ಇಳಿಯುತ್ತದೆ. ಮಡಚದೆ, ಒಗೆದು ಒಣಗಿಸಿದ ಹಳೆಯ ಬಿಳಿ ಪಂಚೆಯಲ್ಲಿ ಸುತ್ತಿಡಿ. ಪ್ಲಾಸ್ಟಿಕ್ ಕವರು ತೇವವನ್ನು ಒಳಗೇ ಹಿಡಿಯುತ್ತದೆ. ಹಸಿ ಬೇವಿನೆಲೆಯದ್ದೂ ಅದೇ ಕಥೆ. ಹರಿದ ಛಾಪಾ ಕಾಗದಕ್ಕೆ ಸೆಲ್ಲೋಟೇಪು, ಲ್ಯಾಮಿನೇಶನ್ ಎರಡೂ ಬೇಡ, ಮೊದಲು ಫೋಟೊ ತೆಗೆದಿಟ್ಟುಕೊಳ್ಳಿ.

ಪ್ರಶ್ನೆ: ನಾನು ಶಿವಮೊಗ್ಗದಲ್ಲಿ ಕಿರಿಯ ವಕೀಲ. ಮೇಸನ್ನರ ಲಾಡ್ಜ್ ಸೇರಿದರೆ ಕಕ್ಷಿದಾರರು ಹೆಚ್ಚುತ್ತಾರೆಯೇ?

ಉತ್ತರ: ಆ ಲೆಕ್ಕವಿದ್ದರೆ ಸೇರಬೇಡಿ. ಸೇರುವವರು ಲಾಭದ ಆಸೆಯಿಂದ ಬರುತ್ತಿಲ್ಲವೆಂದು ಹೇಳಿಯೇ ಒಳಗೆ ಬರಬೇಕು. ಭಾರತೀಯ ವಕೀಲರ ಪರಿಷತ್ತಿನ 36ನೇ ನಿಯಮವೂ ಕೇಸು ಕೇಳಿಕೊಂಡು ಹೋಗುವುದನ್ನು ತಡೆಯುತ್ತದೆ. ಲಾಡ್ಜ್ ಸೇರಲು ಯಾವ ಧರ್ಮವಾದರೂ ಸರಿ, ಪರಮಶಕ್ತಿಯಲ್ಲಿ ನಂಬಿಕೆ ಇರಬೇಕು. ಒಬ್ಬರು ಸೂಚಿಸಿ ಇನ್ನೊಬ್ಬರು ಅನುಮೋದಿಸಿದ ಮೇಲೆ ಬಿಳಿ, ಕಪ್ಪು ಗುಂಡುಗಳಿಂದ ಗುಪ್ತ ಮತದಾನ. ಒಳಗೆ ರಾಜಕೀಯ, ಮತಧರ್ಮದ ಚರ್ಚೆಗೆ ಅವಕಾಶವಿಲ್ಲ. ಸ್ಟೀವರ್ಡ್, ಒಳಬಾಗಿಲ ಕಾವಲು, ಇಬ್ಬರು ಡೀಕನ್, ಇಬ್ಬರು ವಾರ್ಡನ್ ಎಂಬ ಆರು ಹುದ್ದೆಗಳಲ್ಲಿ ವರ್ಷಕ್ಕೊಂದು ಮೆಟ್ಟಿಲು ಹತ್ತಿದರೂ ಮಾಸ್ಟರ್ ಪೀಠಕ್ಕೆ ಏಳನೆಯ ವರ್ಷ. ವಿಧಿಗಳ ಮಾತುಗಳನ್ನು ಬಾಯಿಪಾಠ ಒಪ್ಪಿಸಬೇಕು. ಅಷ್ಟು ಸಂಜೆಗಳನ್ನು ಸಿವಿಲ್ ಪ್ರಕ್ರಿಯಾ ಸಂಹಿತೆಗೆ ಕೊಟ್ಟರೆ ಕಕ್ಷಿದಾರರು ಬಂದಾರು.

ಪ್ರಶ್ನೆ: ವಿವೇಕಾನಂದರು ಮೇಸನ್ ಆಗಿದ್ದರೆಂಬುದು ನಿಜವೇ?

ಉತ್ತರ: ನಿಜ. ಸಂನ್ಯಾಸಕ್ಕೆ ಮೊದಲು, 1884ರಲ್ಲಿ, ಕಲ್ಕತ್ತೆಯ 'ಆಂಕರ್ ಅಂಡ್ ಹೋಪ್' ಲಾಡ್ಜಿನಲ್ಲಿ ಸೇರಿದರು. ತಂದೆ ಕಲ್ಕತ್ತಾ ಹೈಕೋರ್ಟಿನ ಅಟಾರ್ನಿ. ವಕೀಲರಲ್ಲಿ ಮೋತಿಲಾಲ್ ನೆಹರೂ ಕೂಡ ಮೇಸನ್ ಆಗಿದ್ದವರೇ.