ಜಪಾನಿನಲ್ಲಿ ಮಿಸೊ, ಸೋಯಾ ಸಾಸ್, ಸಾಕೆ ತಯಾರಿಸುವ ಹಳೆಯ ಮನೆಗಳನ್ನು ಒಂದೇ ದಿನದಲ್ಲಿ ನೋಡಲು ಯಾವ ಪ್ಯಾಕೇಜ್ ಒಳ್ಳೆಯದು? ನಾನು ಸಸ್ಯಾಹಾರಿ, ಏಪ್ರಿಲ್‌ನಲ್ಲಿ ಟೋಕಿಯೊದಿಂದ ಕ್ಯೋಟೊಗೆ ಹೋಗುವವನಿದ್ದೇನೆ.

ನಿಮ್ಮ ಪ್ರಶ್ನೆಯಲ್ಲಿ "ಸಸ್ಯಾಹಾರಿ" ಎಂಬುದನ್ನೂ "ಒಂದೇ ದಿನದಲ್ಲಿ" ಎಂಬುದನ್ನೂ ಒಟ್ಟಿಗೆ ಓದಿದಾಗ 2019ರ ಜನವರಿಯ ನನ್ನನ್ನೇ ಮತ್ತೆ ನೋಡಿದಂತಾಯಿತು. ಪ್ಯಾಕೇಜಿನ ವಿಷಯಕ್ಕೆ ಆಮೇಲೆ ಬರುತ್ತೇನೆ. ಮೊದಲು ಆ ತಿಂಗಳ ಒಂದು ಶನಿವಾರ ನಾನು ಬೆಳಗಿನ ತಿಂಡಿಗೆ ಏನು ತಿಂದೆ ಎಂಬುದನ್ನು ಹೇಳಬೇಕು.

ಆಗ ನಾನು ಬಿಡದಿಯ ಕಾರು ಕಾರ್ಖಾನೆಯಿಂದ ಆರು ತಿಂಗಳ ತರಬೇತಿಗೆಂದು ಐಚಿ ಪ್ರಾಂತ್ಯಕ್ಕೆ ಹೋಗಿದ್ದೆ. ನೋಡುವುದಕ್ಕೆ ಬರೀ ತರಕಾರಿಯೆಂದು ಕಾಣುವ ಪಲ್ಯದಲ್ಲಿಯೂ ಮೀನಿನ ಸಾರು ಇರುವ ದೇಶ ಅದು. ಮೊದಲ ಒಂದು ತಿಂಗಳನ್ನು ಬಾಳೆಹಣ್ಣು, ಬ್ರೆಡ್ಡು ಮತ್ತು ಅಮ್ಮ ಕಟ್ಟಿಕೊಟ್ಟಿದ್ದ ಚಟ್ನಿಪುಡಿಯ ಮೇಲೆ ಕಳೆದ ನನಗೆ, ನಾವು ಉಳಿದುಕೊಂಡಿದ್ದ ವಸತಿಗೃಹದ ತಿಂಡಿಯ ಮೇಜಿನ ಮೇಲೆ ಸಿಕ್ಕ ಆಪದ್ಬಾಂಧವನೆಂದರೆ ನತ್ತೊ. ಬೇಯಿಸಿದ ಸೋಯಾ ಕಾಳನ್ನು ಒಂದು ಬಗೆಯ ಬ್ಯಾಕ್ಟೀರಿಯಾದಿಂದ ಹುದುಗಿಸಿರುತ್ತಾರೆ. ಕಡ್ಡಿಯಿಂದ ಕಲಕಿದರೆ ಜೇಡರ ಬಲೆಯಂತೆ ಎಳೆ ಎಳೆಯಾಗಿ ಮೇಲೇಳುತ್ತದೆ, ವಾಸನೆ ಮಳೆಯಲ್ಲಿ ನೆನೆದ ಗೋಣಿಚೀಲದ್ದು. ಡಬ್ಬಿಯೊಂದಿಗೆ ಬರುವ ಸಾಸಿನ ಚಿಕ್ಕ ಪೊಟ್ಟಣದಲ್ಲಿ ಸಾಮಾನ್ಯವಾಗಿ ಮೀನಿನ ಸತ್ವ ಇರುವುದರಿಂದ ಅದನ್ನು ಬದಿಗಿಟ್ಟು, ಚಟ್ನಿಪುಡಿ ಬೆರೆಸಿ, ಬಿಸಿ ಅನ್ನದ ಜೊತೆ ತಿನ್ನುವುದನ್ನು ರೂಢಿಸಿಕೊಂಡೆ. ಎರಡನೆಯ ತಿಂಗಳಿನ ಹೊತ್ತಿಗೆ ದಿನಕ್ಕೆ ಎರಡು ಡಬ್ಬಿ ಖಾಲಿಯಾಗುತ್ತಿತ್ತು. ಜಪಾನಿನಲ್ಲೇ ಅನೇಕರು ಮೂಗು ಮುರಿಯುವ ಈ ಪದಾರ್ಥವನ್ನು ಹೊರದೇಶದವನೊಬ್ಬ ತಿನ್ನುತ್ತಾನೆ ಎಂಬುದು ಅಲ್ಲಿಯವರಿಗೆ ದೊಡ್ಡ ಸಂಗತಿ. ಪರಿಚಯವಾದ ಹತ್ತು ನಿಮಿಷದೊಳಗೆ "ನತ್ತೊ ವಾ ತಾಬೆರಾರೆಮಾಸು ಕಾ", ಅಂದರೆ "ನಿಮಗೆ ನತ್ತೊ ತಿನ್ನಲು ಆಗುತ್ತದೆಯೇ" ಎಂದು ಕೇಳುತ್ತಾರೆ. ಹೌದು ಎಂದರೆ ಅಚ್ಚರಿಯ ಉದ್ಗಾರ, ಚಪ್ಪಾಳೆ. ಈ ಚಪ್ಪಾಳೆ ನನ್ನ ತಲೆಗೇರಿತ್ತು ಎಂಬುದನ್ನು ನೆನಪಿನಲ್ಲಿಡಿ.

ನನ್ನ ಕುತೂಹಲ ಕಂಡ ನಮ್ಮ ಗುಂಪಿನ ಮೇಲ್ವಿಚಾರಕರು ಚಿತಾ ಪರ್ಯಾಯದ್ವೀಪದ ಒಂದು ಸಣ್ಣ ಊರಿನಲ್ಲಿ ತಲೆಮಾರುಗಳಿಂದ ಮಿಸೊ ಮತ್ತು ತಾಮರಿ ತಯಾರಿಸುತ್ತಿದ್ದ ಮನೆಯವರನ್ನು ಸಂಪರ್ಕಿಸಿ, ಸಾಮಾನ್ಯವಾಗಿ ಹೊರಗಿನವರನ್ನು ಬಿಡದ ಕೋಜಿ ಕೋಣೆಯನ್ನು, ಅಂದರೆ ಹುದುಗಿಸಲು ಬೇಕಾದ ಬೂಷ್ಟನ್ನು ಬೆಳೆಸುವ ಕೋಣೆಯನ್ನು, ತೋರಿಸಲು ಒಪ್ಪಿಸಿದ್ದರು. ಮಿಸೊ ಎಂದರೆ ಸೋಯಾ ಕಾಳನ್ನು ಉಪ್ಪಿನೊಂದಿಗೆ ಹುದುಗಿಸಿದ ಗಟ್ಟಿ ಗೊಜ್ಜು. ತಾಮರಿ ಎಂದರೆ ಗೋಧಿಯನ್ನು ಬಹುಮಟ್ಟಿಗೆ ಬಿಟ್ಟು ಸೋಯಾ ಕಾಳಿನಿಂದಲೇ ಇಳಿಸುವ ಗಟ್ಟಿಯಾದ, ಕಪ್ಪಗಿನ ಸೋಯಾ ಸಾಸ್. ಪೀಪಾಯಿಯ ತಳದಲ್ಲಿ ಒಸರಿದ ರಸವನ್ನು ಮೊಗೆದು ಮತ್ತೆ ಮೇಲಕ್ಕೇ ಸುರಿಯುತ್ತಾ ತಿಂಗಳುಗಟ್ಟಲೆ ಅದನ್ನು ಮಾಗಿಸುತ್ತಾರೆ. ಹೊರಡುವ ಹಿಂದಿನ ವಾರ ಮೇಲ್ವಿಚಾರಕರು ಕಳುಹಿಸಿದ ಸಂದೇಶದಲ್ಲಿ ರೈಲಿನ ಸಮಯ, ದಪ್ಪನೆಯ ಕಾಲುಚೀಲ ಹಾಕಿಕೊಳ್ಳುವ ಸೂಚನೆ, ಕೊನೆಯಲ್ಲಿ ನಾಲ್ಕು ಅಕ್ಷರಗಳ ಒಂದು ಸಾಲು ಇದ್ದವು. ಫೋನಿನ ಅನುವಾದಕ ಆ ಸಾಲನ್ನು "ನತ್ತೊ ಕಟ್ಟುನಿಟ್ಟಾಗಿ ನಿಷೇಧ" ಎಂದು ತಿರುಗಿಸಿಕೊಟ್ಟಿತು.

ನಾನು ಎಡವಿದ್ದು ಇಲ್ಲಿಯೇ. ಬೆಂಗಳೂರಿನ ಸಿನಿಮಾ ಮಂದಿರಗಳ ಬಾಗಿಲಲ್ಲಿ "ಹೊರಗಿನ ತಿಂಡಿ ತರುವಂತಿಲ್ಲ" ಎಂಬ ಫಲಕವನ್ನು ಓದುತ್ತಾ ಬೆಳೆದವನು ನಾನು. ನಿಷೇಧ ಎಂದರೆ ಚೀಲದಲ್ಲಿ ತರಬಾರದು ಎಂದೇ ಅರ್ಥ ಮಾಡಿಕೊಂಡೆ. ಹೊಟ್ಟೆಯಲ್ಲಿ ತರಬಾರದು ಎಂಬ ಅರ್ಥವೂ ಆ ಪದಕ್ಕೆ ಇರಬಹುದೆಂದು ಒಂದು ಕ್ಷಣವೂ ಹೊಳೆಯಲಿಲ್ಲ. ಅನುಮಾನ ಬಂದಿದ್ದರೆ ಮೇಲ್ವಿಚಾರಕರನ್ನು ಕೇಳಬಹುದಿತ್ತು, ಅನುಮಾನವೇ ಬರಲಿಲ್ಲ. ಮಧ್ಯಾಹ್ನದ ಊಟಕ್ಕೆಂದು ಚೀಲದಲ್ಲಿ ಇಟ್ಟುಕೊಂಡಿದ್ದ ಒಂದು ಡಬ್ಬಿಯನ್ನು ತೆಗೆದು, ನಿಯಮ ಪಾಲಿಸಿದ ತೃಪ್ತಿಯಿಂದ, ಅದನ್ನೂ ಸೇರಿಸಿ ಬೆಳಿಗ್ಗೆಯೇ ಮೂರು ಡಬ್ಬಿ ತಿಂದು ಹೊರಟೆ.

ಆ ಮನೆಯ ಯಜಮಾನರು ಅರವತ್ತು ದಾಟಿದವರು. ಬಾಗಿಲಲ್ಲೇ ನಿಂತು, ನಮಸ್ಕಾರವಾದ ಬಳಿಕ, ನನ್ನ ಕಡೆ ತಿರುಗಿ ಕೇಳಿದ ಮೊದಲ ಮಾತಿನಲ್ಲೇ ನತ್ತೊ ಇತ್ತು. ಅವರು ಕೇಳಿದ್ದು "ತಾಬೆಮಾಶಿತಾ ಕಾ", ತಿಂದಿದ್ದೀರಾ ಎಂದು. ನನ್ನ ಕಿವಿಗೆ ಬಿದ್ದದ್ದು ಎಲ್ಲರೂ ಕೇಳುವ "ತಾಬೆರಾರೆಮಾಸು ಕಾ". ಕ್ರಿಯಾಪದದ ಬಾಲ ಕೇಳುವ ವ್ಯವಧಾನ ನನಗಿರಲಿಲ್ಲ, ಚಪ್ಪಾಳೆಗಾಗಿ ಕಾದಿದ್ದೆ. ಎದೆಯುಬ್ಬಿಸಿ, ಬಂದಷ್ಟು ಜಪಾನಿ ಭಾಷೆಯಲ್ಲಿ, "ಹೌದು, ಬಹಳ ಇಷ್ಟ, ಇಂದು ಬೆಳಿಗ್ಗೆಯೂ ಮೂರು ಡಬ್ಬಿ" ಎಂದು ಬೆರಳು ಎತ್ತಿ ತೋರಿಸಿದೆ. ಯಜಮಾನರು ಹಲ್ಲುಗಳ ನಡುವೆ "ಸ್ಸ್" ಎಂದು ಉಸಿರೆಳೆದುಕೊಂಡು ಎರಡು ಹೆಜ್ಜೆ ಹಿಂದೆ ಸರಿದರು. ನಮ್ಮ ಮೇಲ್ವಿಚಾರಕರು ಅದುವರೆಗೆ ಯಾರ ಮುಂದೆಯೂ ಬಾಗಿದ್ದನ್ನು ನಾನು ನೋಡಿರದಷ್ಟು ಕೆಳಕ್ಕೆ ಬಾಗಿದರು. ಈ ಭೇಟಿಗಾಗಿ ಅವರು ಮೂರು ದಿನಗಳಿಂದ ನತ್ತೊ ಬಿಟ್ಟಿದ್ದರೆಂಬುದು ತಿಳಿದದ್ದು ಆಮೇಲೆ.

ಇದು ಅತಿಯಾದ ಮಡಿವಂತಿಕೆ ಎನಿಸಬಹುದು, ನನಗೂ ಆ ಹೊತ್ತಿನಲ್ಲಿ ಹಾಗೆಯೇ ಅನಿಸಿತು. ಆದರೆ ಕಾರಣವನ್ನು ಕೇಳಿ. ಮಿಸೊ, ಸೋಯಾ ಸಾಸ್, ಅಕ್ಕಿಯ ಮದ್ಯವಾದ ಸಾಕೆ ಈ ಮೂರಕ್ಕೂ ಮೂಲ ಕೋಜಿ, ಅಂದರೆ ಬೇಯಿಸಿದ ಅಕ್ಕಿ ಅಥವಾ ಕಾಳಿನ ಮೇಲೆ ಬೆಳೆಸಿದ ಆಸ್ಪರ್ಜಿಲಸ್ ಒರೈಜೀ ಎಂಬ ಬೂಷ್ಟು. ಜಪಾನಿನ ಮದ್ಯ ತಯಾರಿಕಾ ತಜ್ಞರ ಸಂಘವು 2006ರಲ್ಲಿ ಇದನ್ನು ರಾಷ್ಟ್ರೀಯ ಶಿಲೀಂಧ್ರವೆಂದೇ ಘೋಷಿಸಿತು. ಈ ಬೂಷ್ಟು 30ರಿಂದ 40 ಡಿಗ್ರಿಯ ಬಿಸಿಯಲ್ಲಿ, ತೇವವಾದ ಕೋಣೆಯಲ್ಲಿ, ಎರಡು ಮೂರು ದಿನ ನಿಧಾನವಾಗಿ ಹಬ್ಬುತ್ತದೆ. ನತ್ತೊ ಬ್ಯಾಕ್ಟೀರಿಯಾಕ್ಕೂ ಅದೇ ಬಿಸಿ, ಅದೇ ತೇವ, ಅದೇ ಸೋಯಾ ಕಾಳು ಬೇಕು, ಅದರ ವೇಗವೋ ಬೂಷ್ಟಿಗಿಂತ ಎಷ್ಟೋ ಹೆಚ್ಚು. ಒಮ್ಮೆ ಹೊಕ್ಕರೆ ಕೋಜಿ ಲೋಳೆಯಾಗಿ, ಇಡೀ ಕಂತು ಚೆಲ್ಲಬೇಕಾಗುತ್ತದೆ. ಅದರ ಬೀಜಕಣಗಳು ಕುದಿಯುವ ನೀರಿನಲ್ಲಿಯೂ ಸಾಯುವುದಿಲ್ಲ. ಹಲ್ಲುಜ್ಜಿ ಕೈ ತೊಳೆದುಕೊಂಡು ಬರುತ್ತೇನೆ ಎಂದು ನಾನು ಅಂದು ಅಂಗಲಾಚಿದ್ದು ಎಷ್ಟು ಬಾಲಿಶವಾಗಿತ್ತೆಂದು ಈಗ ಅರ್ಥವಾಗುತ್ತದೆ. ತಯಾರಿಕೆಯ ಕಾಲದುದ್ದಕ್ಕೂ ನತ್ತೊ ಮುಟ್ಟದ ಕೆಲಸಗಾರರಿರುವ ಮನೆ ಅದು. ನಮ್ಮಜ್ಜಿ ಮಿಡಿ ಉಪ್ಪಿನಕಾಯಿಯ ಭರಣಿಗೆ ಒದ್ದೆ ಕೈ ಹಾಕಿದವರನ್ನು ವರ್ಷವಿಡೀ ಬಯ್ಯುತ್ತಿದ್ದುದನ್ನು ಕಂಡು ಬೆಳೆದ ನನಗೆ ಇದು ಹೇಳದೆಯೇ ತಿಳಿಯಬೇಕಿತ್ತು.

ಮೇಲ್ವಿಚಾರಕರೊಬ್ಬರೇ ಒಳಗೆ ಹೋದರು. ನಾನು ಮುಂದಿನ ಕಚೇರಿ ಕೋಣೆಯಲ್ಲಿ ಸೀಮೆಎಣ್ಣೆ ಒಲೆಯ ಪಕ್ಕ ಮುಕ್ಕಾಲು ಗಂಟೆ ಕುಳಿತೆ. ಮನೆಯೊಡತಿ ಚಹಾದೊಂದಿಗೆ, ಮಿಸೊದಲ್ಲಿ ಹೂತಿಟ್ಟು ಕಂದು ಬಣ್ಣಕ್ಕೆ ತಿರುಗಿದ ಮೂಲಂಗಿಯ ತೆಳ್ಳನೆಯ ಹೋಳುಗಳನ್ನು ತಂದಿಟ್ಟರು. ಹೊರಡುವಾಗ ಯಜಮಾನರು ಕಾಗದದಲ್ಲಿ ಸುತ್ತಿದ ಒಂದು ಚಿಕ್ಕ ಉಂಡೆಯನ್ನು ತಂದು ನನ್ನ ಅಂಗೈಯಲ್ಲಿಟ್ಟರು. ಬೇಯಿಸಿದ ಕಾಳನ್ನು ಅದುಮಿ ಮಾಡಿದ ಉಂಡೆ, ಮೇಲೆಲ್ಲ ಹಸಿರು ಮಿಶ್ರಿತ ಹಳದಿಯ ಧೂಳು, ಮುರಿದರೆ ಒಳಗೆ ಹತ್ತಿಯಂತಹ ಬಿಳಿಯ ನೂಲು, ಬೇಯಿಸಿದ ಗೆಣಸಿನ ಹತ್ತಿರಕ್ಕೆ ಬರುವ ಸಿಹಿ ವಾಸನೆ. ನಾನು ನೋಡಿದ ಕೋಜಿ ಅಷ್ಟೇ. ಒಳಗಿನಿಂದ ಹೊರಗೆ ಬಂದದ್ದು ಮತ್ತೆ ಒಳಗೆ ಹೋಗುವುದಿಲ್ಲವಾದ್ದರಿಂದ ಅದನ್ನು ಮುಟ್ಟಲು ನನಗೆ ಅಡ್ಡಿಯಿರಲಿಲ್ಲ. ಇನ್ನೊಮ್ಮೆ ಬನ್ನಿ ಎಂದರು, ಆದರೆ ನನ್ನ ತರಬೇತಿ ಮುಗಿಯುವುದರೊಳಗೆ ಅವರ ಆ ವರ್ಷದ ಕೋಜಿಯ ಕೆಲಸವೇ ಮುಗಿದುಹೋಯಿತು.

ಈಗ ನಿಮ್ಮ ಪ್ರಶ್ನೆ. ಯಾವ ಪ್ಯಾಕೇಜೂ ಬೇಡ, ಮೂರನ್ನೂ ಒಂದೇ ದಿನ ನೋಡುವ ಯೋಚನೆಯಂತೂ ಬೇಡವೇ ಬೇಡ. ಸಾಕೆಯ ಕೆಲಸ ಹೆಚ್ಚಿನ ಕಡೆ ಚಳಿಗಾಲದ್ದು, ಏಪ್ರಿಲ್‌ನಲ್ಲಿ ನೀವು ಹೋಗುವ ಹೊತ್ತಿಗೆ ಅನೇಕ ಮನೆಗಳಲ್ಲಿ ಪಾತ್ರೆ ತೊಳೆದು ಬೋರಲು ಹಾಕಿರುತ್ತಾರೆ. ಮೂರು ಕಡೆ ಸುತ್ತಿಸುವ ಬಸ್ಸಿನಲ್ಲಿ ಹೋದರೆ ನಿಮಗೆ ಸಿಗುವುದು ಮೂರು ಅಂಗಡಿಗಳ ಬಿಲ್ಲು. ಟೋಕಿಯೊ ಮತ್ತು ಕ್ಯೋಟೊ ನಡುವಿನ ಹಳೆಯ ತೊಕಾಯ್ದೊ ಹೆದ್ದಾರಿಯ 53 ತಂಗುದಾಣಗಳಲ್ಲಿ 38ನೆಯದಾದ ಒಕಜಾಕಿಯಲ್ಲಿ ಇಳಿದು ಅರ್ಧ ದಿನ ಕಳೆಯಿರಿ. ನಗೊಯಾದಿಂದ ಮೆಯ್‌ತೆತ್ಸು ರೈಲಿನಲ್ಲಿ ಸುಮಾರು ಮುಕ್ಕಾಲು ಗಂಟೆಯ ದಾರಿ, ಇಳಿಯಬೇಕಾದ ನಿಲ್ದಾಣ ಒಕಜಾಕಿ-ಕೊಯೆನ್-ಮಯೆ. ಹಿಂದೆ ಜಪಾನನ್ನು ಆಳಿದ ತೊಕುಗಾವಾ ಇಯೆಯಾಸು ಹುಟ್ಟಿದ ಕೋಟೆಯಿಂದ ಪಶ್ಚಿಮಕ್ಕೆ ಎಂಟು "ಚೊ", ಎಂದರೆ ಸುಮಾರು 870 ಮೀಟರ್ ದೂರದಲ್ಲಿರುವ ಈ ಜಾಗಕ್ಕೆ ಹಚ್ಚೊ ಎಂಬ ಹೆಸರು ಬಂದದ್ದು ಆ ಅಳತೆಯಿಂದಲೇ. ಹಚ್ಚೊ ಮಿಸೊ ಎಂಬ ಹೆಸರಿನ ಮೂಲವೂ ಅದೇ. 1337ರಲ್ಲಿ ಶುರುವಾದ ಮಾರುಯಾ, 1645ರಲ್ಲಿ ಶುರುವಾದ ಕಾಕುಕ್ಯೂ ಎಂಬ ಎರಡು ಮನೆಗಳು ಹಳೆಯ ರಸ್ತೆಯ ಆಚೀಚೆ ಇವೆ, ಎರಡೂ ಕಡೆ ಪ್ರವಾಸಿಗರನ್ನು ಕರೆದೊಯ್ದು ತೋರಿಸುತ್ತಾರೆ. ಆಳೆತ್ತರದ ಸುಗಿ ಮರದ ಪೀಪಾಯಿಗಳಲ್ಲಿ ತಲಾ ಸುಮಾರು 6 ಟನ್ ಮಿಸೊ, ಅದರ ಮೇಲೆ ಗೋಪುರದಂತೆ ಕೈಯಿಂದಲೇ ಜೋಡಿಸಿದ ಸುಮಾರು 3 ಟನ್ ನದಿಗಲ್ಲುಗಳು. ಗಾರೆಯಿಲ್ಲದ ಈ ಗೋಪುರ ಭೂಕಂಪಕ್ಕೂ ಜಗ್ಗದಂತೆ ಕಟ್ಟುವುದನ್ನು ಕಲಿಯಲು ವರ್ಷಗಳೇ ಹಿಡಿಯುತ್ತವೆ. ಹಚ್ಚೊ ಮಿಸೊದಲ್ಲಿ ನೀರಿನ ಅಂಶ ಬಹಳ ಕಡಿಮೆ, ಇದ್ದಷ್ಟು ನೀರು ಇಡೀ ಪೀಪಾಯಿಗೆ ಸಮನಾಗಿ ಹರಡಲಿ ಎಂದೇ ಈ ಭಾರ. ಎರಡು ಬೇಸಿಗೆ, ಎರಡು ಚಳಿಗಾಲ ಹೀಗೆಯೇ ಬಿಡುತ್ತಾರೆ. ಸ್ವಾರಸ್ಯವೆಂದರೆ 2017ರಲ್ಲಿ ಸರ್ಕಾರ ಹಚ್ಚೊ ಮಿಸೊಗೆ ಭೌಗೋಳಿಕ ಸೂಚಕ ಕೊಟ್ಟಾಗ ಅದು ದಕ್ಕಿದ್ದು ಪ್ರಾಂತ್ಯದ ತಯಾರಕರ ಸಂಘಕ್ಕೆ, ಹಚ್ಚೊದಲ್ಲೇ ಇರುವ ಈ ಎರಡು ಮನೆಗಳು ಹೊರಗುಳಿದವು.

ಸಸ್ಯಾಹಾರದ ಬಗ್ಗೆ ನೀವು ತಲೆ ಕೆಡಿಸಿಕೊಂಡಿರುವುದು ತಪ್ಪು ಜಾಗದಲ್ಲಿ. ಹಚ್ಚೊ ಮಿಸೊದಲ್ಲಿ ಸೋಯಾ ಕಾಳು, ಉಪ್ಪು, ನೀರು ಬಿಟ್ಟರೆ ಬೇರೇನೂ ಇಲ್ಲ. ತೊಂದರೆ ಇರುವುದು ಮಿಸೊ ಸಾರಿನಲ್ಲಿ, ಅದರ ತಿಳಿಯನ್ನು ಸಾಮಾನ್ಯವಾಗಿ ಒಣಗಿಸಿದ ಬೊನಿಟೊ ಮೀನಿನಿಂದ ತೆಗೆಯುತ್ತಾರೆ. ಆದ್ದರಿಂದ ರುಚಿಗೆಂದು ಬಟ್ಟಲು ಚಾಚಿದಾಗ "ಕಾತ್ಸುವೊ" ಹಾಕಿದ್ದೀರಾ ಎಂದು ಕೇಳಿ, ಹೌದೆಂದರೆ ಮಿಸೊವನ್ನೇ ಕಡ್ಡಿಯ ತುದಿಯಲ್ಲಿ ಚೂರು ಕೊಡಲು ಹೇಳಿ. ಮನೆಗೆ ಕೊಳ್ಳುವುದಾದರೆ ಅದನ್ನು ವಿಮಾನದಲ್ಲಿ ಕೈಚೀಲದಲ್ಲಿ ಇಟ್ಟುಕೊಳ್ಳಬೇಡಿ, ಭದ್ರತಾ ತಪಾಸಣೆಯಲ್ಲಿ ಮಿಸೊವನ್ನೂ ದ್ರವದ ಲೆಕ್ಕಕ್ಕೇ ಹಿಡಿಯುತ್ತಾರೆ.

ನಿಮಗೆ ಸೋಯಾ ಸಾಸೇ ಬೇಕೆಂದಿದ್ದರೆ ಬೇರೆ ಎರಡು ದಿನ ಇಟ್ಟುಕೊಂಡು ತಕಾಮತ್ಸು ಬಂದರಿನಿಂದ ಒಂದು ಗಂಟೆ ಹಡಗಿನಲ್ಲಿ ಶೊದೊಶಿಮಾ ದ್ವೀಪಕ್ಕೆ ಹೋಗಿ. ನಾಲ್ಕು ಶತಮಾನಗಳಿಂದ ಈ ಕಸುಬು ನಡೆಸಿಕೊಂಡು ಬಂದಿರುವ ಆ ದ್ವೀಪದಲ್ಲಿ ಮರದ ಪೀಪಾಯಿಗಳ ನಡುವೆಯೇ ನಡೆದು, ಕೆಳಗೆ ಗುಳುಗುಳು ಎನ್ನುವ ಮೊರೊಮಿಯನ್ನು, ಅಂದರೆ ಹುದುಗುತ್ತಿರುವ ಸೋಯಾ ಮಿಶ್ರಣವನ್ನು, ಬಗ್ಗಿ ನೋಡಬಹುದು. ಅಲ್ಲಿಯೂ ನತ್ತೊ ತಿಂದು ಬಂದವರನ್ನು ಒಳಗೆ ಬಿಡದ ಮನೆಗಳಿವೆ, ನೀವು ಸಸ್ಯಾಹಾರಿಯಾದ್ದರಿಂದ ತಿಂಡಿಯ ಮೇಜಿನ ಮೇಲೆ ಅದು ನಿಮ್ಮನ್ನೇ ಹುಡುಕಿಕೊಂಡು ಬರುತ್ತದೆ.

ಮಾರ್ಚ್‌ನ ಕೊನೆಯ ಭಾನುವಾರ, ಊರಿಗೆ ಹೊರಡುವ ಮೊದಲು, ಐದು ದಿನ ನತ್ತೊ ಬಿಟ್ಟು ನಾನೊಬ್ಬನೇ ಒಕಜಾಕಿಗೆ ಹೋದೆ. ಅಲ್ಲಿ ಪ್ರವಾಸಿಗರನ್ನು ಕೋಜಿ ಕೋಣೆಗೆ ಕರೆದೊಯ್ಯುವುದಿಲ್ಲವಾದ್ದರಿಂದ ನನ್ನನ್ನು ಯಾರೂ ಏನೂ ಕೇಳಲಿಲ್ಲ. ಆದರೂ ಹೆಸರು ಬರೆಸುವ ಕಿಟಕಿಯಲ್ಲಿ ಕುಳಿತಿದ್ದ ಹುಡುಗಿಗೆ, ಬಾಯಿಪಾಠ ಮಾಡಿಕೊಂಡು ಹೋಗಿದ್ದ ಜಪಾನಿ ವಾಕ್ಯದಲ್ಲಿ, ಐದು ದಿನಗಳಿಂದ ನತ್ತೊ ತಿಂದಿಲ್ಲ ಎಂದು ತಿಳಿಸಿದೆ. ಆಕೆ ಒಂದು ಕ್ಷಣ ನನ್ನ ಮುಖ ನೋಡಿ, ಪಕ್ಕದಲ್ಲಿದ್ದ ಹಿರಿಯ ಹೆಂಗಸಿನ ಕಡೆ ತಿರುಗಿದಳು. ಆ ಹಿರಿಯಾಕೆ ಕಪಾಟಿನಿಂದ ಇಂಗ್ಲಿಷ್ ಕರಪತ್ರವೊಂದನ್ನು ತೆಗೆದು ಎರಡೂ ಕೈಯಿಂದ ನನಗೆ ಕೊಟ್ಟರು.